ಕಾಲಮಣಿ

ಕಾಲವನ್ನು ತಡೆದು ನಿಲ್ಲಿಸಬಲ್ಲ ಒಂದು ಕಲ್ಲಿದ್ದರೆ ಹೇಗೆ ಎಂಬ ಕಲ್ಪನೆ ಈಚಿನ ಕಥೆಗಾರರಿಗೆ ಬಹಳ ಪ್ರಿಯವಾಗಿರುವಂತೆ ಕಾಣುತ್ತದೆ. ಹುಡುಗರು ಓದುವ ಪುಸ್ತಕಗಳಲ್ಲಿಯೂ ನೋಡುವ ಚಿತ್ರಗಳಲ್ಲಿಯೂ ಇಂಥದೊಂದು ಖನಿಜ ಆಗಾಗ ಬರುತ್ತದೆ. ಯಾವುದೋ ದುರ್ಗಮವಾದ ಗುಹೆಯಲ್ಲಿಯೋ ಬೇರೊಂದು ಗ್ರಹದ ಗರ್ಭದಲ್ಲಿಯೋ ಅದು ಗುಲಗಂಜಿಯಷ್ಟು ಮಾತ್ರ ದೊರೆಯುತ್ತದೆ. ಅಂಗೈಯಲ್ಲಿ ಹಿಡಿದವನ ಪಾಲಿಗೆ ಗಳಿಗೆ ನಿಲ್ಲುತ್ತದೆ, ಇಲ್ಲವೆ ಕಳೆದುಹೋದ ವರ್ಷಗಳು ಹಿಂದಿರುಗುತ್ತವೆ. ಅದಕ್ಕಾಗಿ ಯುದ್ಧಗಳು ನಡೆಯುತ್ತವೆ. ಕಥೆ ಮುಗಿಯುವ ಹೊತ್ತಿಗೆ ಕಲ್ಲು ಸಾಮಾನ್ಯವಾಗಿ ಪುಡಿಯಾಗಿರುತ್ತದೆ. ಅದು ಉಳಿದರೆ ಕಥೆಗೆ ಕೊನೆಯೆಂಬುದೇ ಇರಲಾರದಷ್ಟೆ.

ನಮ್ಮ ಹಿಂದಿನವರಿಗೆ ಮಣಿಗಳ ಕೊರತೆಯಿರಲಿಲ್ಲ. ಸೋಕಿದ ಕಬ್ಬಿಣವನ್ನು ಹೊನ್ನು ಮಾಡುವ ಪರುಷವಿತ್ತು. ನೆನೆದುದನ್ನು ಕೊಡುವ ಚಿಂತಾಮಣಿಯಿತ್ತು. ದಿನವೊಂದಕ್ಕೆ ಎಂಟು ಭಾರ ಬಂಗಾರವನ್ನು ಕೊಡುತ್ತಿದ್ದ ಶ್ಯಮಂತಕವಿತ್ತು. ಆದರೆ ಪ್ರಸಿದ್ಧವಾದ ಈ ಮಣಿಗಳಲ್ಲಿ ಒಂದಾದರೂ ಕಾಲವನ್ನು ಮುಟ್ಟಲಿಲ್ಲವೆಂಬುದು ವಿಚಾರಮಾಡತಕ್ಕ ಸಂಗತಿ. ಕಾಲದ ತಂಟೆಗೆ ಹೋದವರು ಬೇರೆ ದಾರಿ ಹಿಡಿದರು. ಮಾರ್ಕಂಡೇಯನಿಗೆ ಶಿವನ ಕೃಪೆ ಬೇಕಾಯಿತು. ಯಯಾತಿಗೆ ಮಗನ ತಾರುಣ್ಯ ಬೇಕಾಯಿತು. ಎಲ್ಲಕ್ಕಿಂತ ವಿಚಿತ್ರವಾದುದು ಕಕುದ್ಮಿ ರಾಜನ ವೃತ್ತಾಂತ. ಮಗಳಾದ ರೇವತಿಗೆ ತಕ್ಕ ವರನು ಯಾರೆಂದು ಕೇಳುವುದಕ್ಕಾಗಿ ಅವನು ಅವಳೊಡನೆ ಬ್ರಹ್ಮಲೋಕಕ್ಕೆ ಹೋದನು. ಅಲ್ಲಿ ಗಾನ ನಡೆಯುತ್ತಿದ್ದುದರಿಂದ ಕ್ಷಣಕಾಲ ಕಾದನು. ಗಾನ ಮುಗಿದ ಮೇಲೆ ಬ್ರಹ್ಮನು ನಕ್ಕು, ಅಷ್ಟರೊಳಗೆ ಭೂಮಿಯಲ್ಲಿ 27 ಚತುರ್ಯುಗಗಳು ಕಳೆದುವೆಂದೂ, ಅವನು ಮನಸ್ಸಿನಲ್ಲಿಟ್ಟುಕೊಂಡಿದ್ದ ವರರಾಗಲಿ ಅವರ ಮಕ್ಕಳು ಮೊಮ್ಮಕ್ಕಳಾಗಲಿ ಈಗ ಇಲ್ಲವೆಂದೂ, ಅವರ ವಂಶಗಳ ಹೆಸರು ಕೂಡ ಕೇಳಿಬರುತ್ತಿಲ್ಲವೆಂದೂ ತಿಳಿಸಿದನು. ರೇವತಿಗೆ ಬಲರಾಮನು ದೊರೆತನು, ಕಥೆ ಸುಖವಾಗಿ ಮುಗಿಯಿತು ಎಂಬುದು ನಿಜ. ಆದರೂ ಅವರು ಇಳಿದುಬಂದ ಆ ಭೂಮಿಯಲ್ಲಿ ಗುರುತು ಹಿಡಿಯುವವನು ಒಬ್ಬನಾದರೂ ಇರಲಿಲ್ಲವೆಂಬುದನ್ನು ಕಥೆ ಹೇಳುವವರು ಬೇಗ ದಾಟಿಬಿಡುತ್ತಾರೆ.

ಕಾಲವನ್ನು ಗೆಲ್ಲುವ ಶಕ್ತಿಯನ್ನು ಖನಿಜದಲ್ಲಿಯೇ ಹುಡುಕಿದವರೆಂದರೆ ರಸವಾದಿಗಳು. ಪಾದರಸ, ಗಂಧಕ, ಕಾಗೆಬಂಗಾರವೆಂದು ನಾವು ಕರೆಯುವ ಅಭ್ರಕ ಇವುಗಳನ್ನು ಅವರು ಅರೆದು, ಪುಟವಿಟ್ಟು, ಮತ್ತೆ ಅರೆದರು. ಲೋಹಸಿದ್ಧಿಯೆಂಬುದು ಅವರಿಗೆ ಪರೀಕ್ಷೆ ಮಾತ್ರ, ದೇಹಸಿದ್ಧಿಯೇ ಗುರಿ. ಕೀಳು ಲೋಹವನ್ನು ಕೆಡದ ಹೊನ್ನಾಗಿಸಬಲ್ಲ ರಸವು ಕೆಡುವ ದೇಹವನ್ನೂ ಕೆಡದಂತೆ ಮಾಡೀತೆಂಬುದು ಅವರ ತರ್ಕ. ಇದನ್ನು ಕೇವಲ ಮೋಸವೆಂದು ತಳ್ಳುವಂತಿಲ್ಲ. ವಿಜಯನಗರದ ಕಾಲದಲ್ಲಿ, 14ನೆಯ ಶತಮಾನದಲ್ಲಿ, ಮಾಧವಾಚಾರ್ಯರ ಹೆಸರಿನಿಂದ ರಚಿತವಾದ ಸರ್ವದರ್ಶನಸಂಗ್ರಹದಲ್ಲಿ ರಸೇಶ್ವರದರ್ಶನಕ್ಕೆ ಇತರ ದರ್ಶನಗಳ ಪಂಕ್ತಿಯಲ್ಲಿಯೇ ಎಡೆಯಿದೆ. ಚೀನದೇಶದಲ್ಲಿಯೂ ಇದೇ ಹಂಬಲವಿತ್ತು. ಅಲ್ಲಿನ ಮೊದಲನೆಯ ಚಕ್ರವರ್ತಿಯು ಅಮರತ್ವವನ್ನು ಬಯಸಿ ಪಾದರಸದ ಗುಳಿಗೆಗಳನ್ನು ನುಂಗಿ, ಅದರಿಂದಲೇ ಕ್ರಿಸ್ತಪೂರ್ವ 210ರಲ್ಲಿ ತೀರಿಕೊಂಡನೆಂದು ಪ್ರತೀತಿ. ಕಾಲವನ್ನು ನಿಲ್ಲಿಸಬೇಕೆಂದವನಿಗೆ ಕಾಲ ಬೇಗ ಮುಗಿಯಿತು.

ಈ ಹಂಬಲವು ಹಳೆಯ ಗ್ರಂಥಗಳಲ್ಲಿ ಮಾತ್ರ ಉಳಿದಿದ್ದರೆ ನಾನು ಇದನ್ನು ಬರೆಯುತ್ತಿರಲಿಲ್ಲ. ನನ್ನ ತಂದೆಯವರು ತಮ್ಮ 82ನೆಯ ವಯಸ್ಸಿನಲ್ಲಿ ಹಾಸಿಗೆ ಹಿಡಿದಾಗ ಅವರ ಹಳೆಯ ಸ್ನೇಹಿತರೊಬ್ಬರು ನೋಡಲು ಬಂದು, ಊರೂರು ತಿರುಗುವ ಯಾರಿಂದಲೋ ಕೊಂಡಿದ್ದ ಒಂದು ಭಸ್ಮದ ಪೊಟ್ಟಣವನ್ನು ಅವರ ದಿಂಬಿನ ಬಳಿಯಿಟ್ಟರು. “ರಾಯರೆ, ಇದನ್ನು ಒಂದು ಮಂಡಲ, 48 ದಿನ, ಜೇನುತುಪ್ಪದಲ್ಲಿ ತೆಗೆದುಕೊಳ್ಳಿ. ಹತ್ತು ವರ್ಷ ಹಿಂದಕ್ಕೆ ಹೋಗುತ್ತೀರಿ” ಎಂದರು. ಅವರ ಪ್ರೀತಿಯಲ್ಲಿ ಸಂದೇಹವಿರಲಿಲ್ಲ. ನಮ್ಮ ತಂದೆಯವರು ಆ ಪೊಟ್ಟಣವನ್ನು ಕೈಗೆ ತೆಗೆದುಕೊಂಡು ಸ್ವಲ್ಪ ಹೊತ್ತು ನೋಡಿ, “ಹತ್ತು ವರ್ಷದ ಹಿಂದೆ ನಮ್ಮ ಮನೆಯಾಕೆ ಇದ್ದಳು. ಅವಳನ್ನೂ ಕೊಡುತ್ತದೆಯೆ, ಸ್ವಾಮಿ, ಈ ಪುಡಿ?” ಎಂದು ಕೇಳಿದರು. ಸ್ನೇಹಿತರು ಉತ್ತರ ಹೇಳಲಿಲ್ಲ. ಇಬ್ಬರೂ ಕಾಫಿ ಕುಡಿದರು. ಪೊಟ್ಟಣ ಬಂದ ಹಾಗೆಯೇ ಹಿಂದಿರುಗಿತು.

ಆ ಒಂದು ಮಾತು ನನ್ನ ಮನಸ್ಸಿನಲ್ಲಿ ನಿಂತುಹೋಯಿತು. ಕಾಲವನ್ನು ಬದಲಿಸುವ ಕಲ್ಲು ನಿಜವಾಗಿಯೂ ಇದೆಯೆ, ಇದ್ದರೆ ಅದು ಏನು ಮಾಡಬಲ್ಲುದು, ಏನು ಮಾಡಲಾರದು ಎಂಬುದನ್ನು ಬಲ್ಲವರ ಬರಹಗಳಿಂದ ತಿಳಿಯಬೇಕೆಂಬ ಕುತೂಹಲ ಅಂದಿನಿಂದ ಹುಟ್ಟಿತು. ತಿಳಿದುದನ್ನು ವಾಚಕರ ಮುಂದಿಡುತ್ತೇನೆ.

ಮೊದಲನೆಯದಾಗಿ, ಕಲ್ಲು ಕಾಲವನ್ನು ಬದಲಿಸುತ್ತದೆಯೆಂಬುದು ಒಂದರ್ಥದಲ್ಲಿ ಸತ್ಯವೇ. ಐನ್‌ಸ್ಟೈನ್ ಪಂಡಿತನು 1915ರಲ್ಲಿ ಪ್ರಕಟಿಸಿದ ಸಿದ್ಧಾಂತದ ಪ್ರಕಾರ, ದೊಡ್ಡ ರಾಶಿಯ ಬಳಿಯಲ್ಲಿ ಕಾಲ ನಿಧಾನವಾಗಿ ಹರಿಯುತ್ತದೆ. ಆ ರಾಶಿಯು ಅಪೂರ್ವವಾದ ಮಣಿಯೇ ಆಗಬೇಕಾದುದಿಲ್ಲ. ಸಾಮಾನ್ಯವಾದ ಮಣ್ಣು ಕಲ್ಲುಗಳೇ ಸಾಕು. ಭೂಮಿಯ ಒಡಲಿಗೆ ಹತ್ತಿರವಿರುವ ಗಡಿಯಾರ ನಿಧಾನ. ದೂರವಿರುವ ಗಡಿಯಾರ ಚುರುಕು. 2010ರಲ್ಲಿ ಅಮೆರಿಕದ ವಿಜ್ಞಾನಿಗಳು ಅತಿ ಸೂಕ್ಷ್ಮವಾದ ಪರಮಾಣು ಗಡಿಯಾರಗಳಿಂದ, ಒಂದು ಅಡಿಯಷ್ಟು ಎತ್ತರದ ವ್ಯತ್ಯಾಸದಲ್ಲಿಯೂ ಇದು ನಡೆಯುವುದನ್ನು ಅಳೆದು ತೋರಿಸಿದರು. ನಮ್ಮ ಚಾಮುಂಡಿಬೆಟ್ಟದ ನೆತ್ತಿ ಮೈಸೂರು ನಗರಕ್ಕಿಂತ ಸುಮಾರು ಒಂದು ಸಾವಿರ ಅಡಿ ಎತ್ತರದಲ್ಲಿದೆ. ಲೆಕ್ಕ ಹಾಕಿದರೆ, ಬೆಟ್ಟದ ಮೇಲಿರುವವರಿಗೆ ಅಗ್ರಹಾರದಲ್ಲಿರುವ ನಮಗಿಂತ ವರ್ಷಕ್ಕೆ ಒಂದು ಸೆಕೆಂಡಿನ ಹತ್ತು ಲಕ್ಷದಲ್ಲಿ ಒಂದು ಪಾಲಿನಷ್ಟು ಕಾಲ ಹೆಚ್ಚಾಗಿ ಕಳೆಯುತ್ತದೆ. ನೂರು ವರ್ಷ ಬಾಳಿದರೂ ಈ ಅಂತರ ರೆಪ್ಪೆ ಹೊಡೆಯುವ ಹೊತ್ತಿಗೆ ಎಷ್ಟೋ ಕಡಮೆ. ತಾರುಣ್ಯವನ್ನು ಉಳಿಸಿಕೊಳ್ಳಬೇಕೆಂದು ಬೆಟ್ಟ ಹತ್ತದೆ ಕೆಳಗೇ ಕುಳಿತಿರುವುದರಿಂದ ಲಾಭಕ್ಕಿಂತ ನಷ್ಟವೇ ಹೆಚ್ಚು. ಹತ್ತುವವರ ಮೊಣಕಾಲೂ ಎದೆಯೂ ಅಷ್ಟರಮಟ್ಟಿಗೆ ಗಟ್ಟಿಯಾಗಿರುತ್ತವೆ.

ಎರಡನೆಯದಾಗಿ, ಕಾಲವನ್ನು ಅಳೆಯುವ ಊಳಿಗದಲ್ಲಿ ಖನಿಜಗಳು ಬಹಳ ದಿನಗಳಿಂದ ನಮ್ಮ ಮಣಿಕಟ್ಟಿನ ಮೇಲೆಯೇ ಇವೆ. 1961ರಲ್ಲಿ ಬೆಂಗಳೂರಿನಲ್ಲಿ ಹೆಚ್‌.ಎಂ.ಟಿ. ಕಾರ್ಖಾನೆ ಕೈಗಡಿಯಾರಗಳನ್ನು ಮಾಡತೊಡಗಿದ ಮೇಲೆ, ನೌಕರಿ ಸೇರಿದ ಮಗನಿಗೂ ಮದುವೆಯಾದ ಅಳಿಯನಿಗೂ ಅದನ್ನು ಕೊಡುವುದು ನಮ್ಮ ಮನೆಗಳಲ್ಲಿ ಪದ್ಧತಿಯಾಯಿತು. ಅದರ ಮುಖದ ಮೇಲೆ 17 ರತ್ನಗಳೆಂದು ಬರೆದಿರುತ್ತಿದ್ದುದು ಅಲಂಕಾರದ ಮಾತಲ್ಲ. ಚಕ್ರಗಳ ಅಚ್ಚು ಸವೆಯದಂತೆ ಕೂಡಿಸಿದ, ಮನುಷ್ಯರೇ ಬೆಳೆಸಿದ ಕೆಂಪಿನ ಹರಳುಗಳು ಅವು. ಅನಂತರ ಬಂದ ಗಡಿಯಾರಗಳಲ್ಲಿ ಸ್ಫಟಿಕದ ಒಂದು ಚೂರು ಸೆಕೆಂಡಿಗೆ 32,768 ಸಲ ಕಂಪಿಸಿ ಲೆಕ್ಕ ಕೊಡುತ್ತದೆ. ಇವೆಲ್ಲ ಕಾಲವನ್ನು ತುಂಡರಿಸಿ ಎಣಿಸುವ ಕಲ್ಲುಗಳು. ಕಳೆದುದನ್ನು ಕೂಡಿಟ್ಟುಕೊಳ್ಳುವ ಕಲ್ಲು ಬೇರೆಯೊಂದಿದೆ. ಕಾಲಮಣಿಯೆಂಬ ಹೆಸರು ಸಲ್ಲುವುದಾದರೆ ಅದಕ್ಕೇ ಸಲ್ಲಬೇಕು.

ಅದರ ಹೆಸರು ಜಿರ್ಕಾನ್. ಗ್ರಾನೈಟ್ ಮೊದಲಾದ ಶಿಲೆಗಳೊಳಗೆ ಇದು ಬಹುಮಟ್ಟಿಗೆ ಕಣ್ಣಿಗೆ ಕಾಣದಷ್ಟು ಸಣ್ಣ ಕಣಗಳಾಗಿ, ಎಷ್ಟೋ ವೇಳೆ ಕೂದಲೆಳೆಯ ದಪ್ಪಕ್ಕಿಂತ ಹೆಚ್ಚಿಲ್ಲದೆ, ಹುದುಗಿರುತ್ತದೆ. ಕರಗಿದ ಶಿಲಾರಸ ಆರುವಾಗ ಈ ಹರಳು ಕಟ್ಟಿಕೊಳ್ಳುತ್ತದೆ. ಆಗ ಅದು ತನ್ನ ಮನೆಯೊಳಗೆ ಯುರೇನಿಯಮ್ ಧಾತುವಿಗೆ ಕೊಂಚ ಜಾಗ ಕೊಡುತ್ತದೆ. ಸೀಸಕ್ಕೆ ಮಾತ್ರ ಬಾಗಿಲು ತೆರೆಯುವುದಿಲ್ಲ. ಹರಳು ಹುಟ್ಟಿದ ದಿನ ಅದರೊಳಗೆ ಸೀಸವಿಲ್ಲವೆಂದೇ ಹೇಳಬಹುದು. ಆದರೆ ಯುರೇನಿಯಮ್ ತಾನು ತಾನಾಗಿ ಉಳಿಯುವ ಧಾತುವಲ್ಲ. ಕಿರಣಗಳನ್ನು ಹೊರಸೂಸುತ್ತ, ಹಲವು ಅವತಾರಗಳನ್ನೆತ್ತಿ, ಕಡೆಗೆ ಸೀಸವಾಗಿ ನಿಲ್ಲುತ್ತದೆ. ಆದುದರಿಂದ ಎಷ್ಟೋ ಕೋಟಿ ವರ್ಷಗಳ ಮೇಲೆ ಹರಳನ್ನು ಒಡೆದು ನೋಡಿದರೆ, ಅದರಲ್ಲಿರುವ ಸೀಸವೆಲ್ಲ ಒಳಗೇ ಹುಟ್ಟಿದುದು. ಉಳಿದ ಯುರೇನಿಯಮ್ ಎಷ್ಟು, ಹುಟ್ಟಿದ ಸೀಸವೆಷ್ಟು ಎಂದು ತೂಗಿದರೆ ಹರಳಿನ ವಯಸ್ಸು ಗೊತ್ತಾಗುತ್ತದೆ.

ಇದರ ಸೊಗಸು ಇಷ್ಟಕ್ಕೇ ಮುಗಿಯಲಿಲ್ಲ. ಯುರೇನಿಯಮ್ಮಿನಲ್ಲಿ ಎರಡು ಬಗೆಯ ಪರಮಾಣುಗಳಿವೆ. ಒಂದರ ಅರ್ಧಾಯುಷ್ಯ, ಎಂದರೆ ಇದ್ದುದರಲ್ಲಿ ಅರ್ಧ ಸವೆಯುವುದಕ್ಕೆ ಹಿಡಿಯುವ ಕಾಲ, ಸುಮಾರು 447 ಕೋಟಿ ವರ್ಷ. ಇನ್ನೊಂದರದು ಸುಮಾರು 70 ಕೋಟಿ ವರ್ಷ. ಎರಡೂ ಬೇರೆ ಬೇರೆ ಜಾತಿಯ ಸೀಸವಾಗುತ್ತವೆ. ಮೈಸೂರಿನಲ್ಲಿ ನಮಗೆ ಎರಡು ಗಡಿಯಾರಗಳಿವೆಯಷ್ಟೆ: 1886ರಲ್ಲಿ ಡಫರಿನ್ ಪ್ರಭುವಿನ ಹೆಸರಿನಲ್ಲಿ ಎದ್ದ ಚಿಕ್ಕ ಗಡಿಯಾರ, 1927ರಲ್ಲಿ ನಾಲ್ವಡಿ ಕೃಷ್ಣರಾಜ ಒಡೆಯರವರ ಆಳ್ವಿಕೆಯ ರಜತೋತ್ಸವಕ್ಕಾಗಿ ಎದ್ದ, ಕನ್ನಡದ ಅಂಕೆಗಳುಳ್ಳ ದೊಡ್ಡ ಗಡಿಯಾರ. ಮಾರುಕಟ್ಟೆಗೆ ಹೋದವನು ಒಂದನ್ನು ನೋಡಿ, ನಾಲ್ಕು ಹೆಜ್ಜೆ ನಡೆದು ಇನ್ನೊಂದನ್ನು ನೋಡಿದಾಗ ಎರಡೂ ಒಂದೇ ಹೊತ್ತನ್ನು ತೋರಿಸಿದರೆ ನಂಬುತ್ತಾನೆ. ತೋರಿಸದಿದ್ದರೆ ಯಾವುದೋ ಒಂದಕ್ಕೆ ಏನೋ ಆಗಿದೆಯೆಂದು ತಿಳಿಯುತ್ತಾನೆ. ಜಿರ್ಕಾನಿನೊಳಗಿನ ಎರಡು ಗಡಿಯಾರಗಳೂ ಹೀಗೆಯೇ ಒಂದಕ್ಕೊಂದು ಸಾಕ್ಷಿ. ಎರಡರ ಲೆಕ್ಕವೂ ಹೊಂದಿದರೆ ವಯಸ್ಸು ನಿಜ. ಹೊಂದದಿದ್ದರೆ ನಡುವೆ ಎಂದೋ ಹರಳು ಕಾಯ್ದು ಬಿರುಕುಬಿಟ್ಟು ಸೀಸವನ್ನು ಕಳೆದುಕೊಂಡಿದೆ ಎಂದರ್ಥ. ಆ ಕಳವು ಯಾವಾಗ ನಡೆಯಿತೆಂಬುದನ್ನು ಸಹ ಅನೇಕ ವೇಳೆ ಇವೆರಡರ ಅಂತರದಿಂದಲೇ ಕಂಡುಹಿಡಿಯಬಹುದು.

ಆಸ್ಟ್ರೇಲಿಯದ ಪಶ್ಚಿಮಭಾಗದಲ್ಲಿ ದೊರೆತ ಇಂಥ ಒಂದು ಕಣದ ವಯಸ್ಸು ಸುಮಾರು 440 ಕೋಟಿ ವರ್ಷವೆಂದು 2001ರಲ್ಲಿ ಪ್ರಕಟವಾಯಿತು. ಭೂಮಿಯ ವಯಸ್ಸೇ ಸುಮಾರು 455 ಕೋಟಿ ವರ್ಷ. ಆ ಕಣವನ್ನು ಹೆತ್ತ ಬಂಡೆ ಎಂದೋ ಸವೆದು ಮರಳಾಯಿತು. ಮರಳು ಮತ್ತೆ ಕಲ್ಲಾಯಿತು. ಕಣ ಮಾತ್ರ ಹಾಗೆಯೇ ಉಳಿಯಿತು.

ಅಷ್ಟು ದೂರ ಹೋಗಬೇಕಾದುದೂ ಇಲ್ಲ. ನಮ್ಮ ಕಾಲಕೆಳಗಿರುವ ನೆಲವೇ ಪ್ರಪಂಚದ ಹಳೆಯ ನೆಲಗಳಲ್ಲೊಂದು. ಮೈಸೂರು ಸಂಸ್ಥಾನದಲ್ಲಿ 1894ರಲ್ಲಿ ಭೂವಿಜ್ಞಾನದ ಇಲಾಖೆ ಸ್ಥಾಪಿತವಾಯಿತು. ರಾಬರ್ಟ್ ಬ್ರೂಸ್ ಫೂಟ್ ಅದರ ಮೊದಲನೆಯ ಮುಖ್ಯಾಧಿಕಾರಿ. ಅವರ ತರುವಾಯ ಬಂದ ಸ್ಮೀತ್ ಎಂಬವರು, ಬೂದಿ ಬಿಳುಪು ಪಟ್ಟೆಗಳಿಂದ ಕೂಡಿ ನಮ್ಮ ಸೀಮೆಯನ್ನೆಲ್ಲ ಹಾಸಿರುವ ಶಿಲೆಗೆ 1916ರಲ್ಲಿ ‘ಪೆನಿನ್ಸುಲರ್ ನೈಸ್’ ಎಂದು ಹೆಸರಿಟ್ಟರು. ಬೆಂಗಳೂರಿನ ಲಾಲ್‌ಬಾಗಿನಲ್ಲಿ ಕೆಂಪೇಗೌಡರ ಗೋಪುರವನ್ನು ಹೊತ್ತಿರುವ ಬಂಡೆ ಈ ಜಾತಿಯದೇ. ಆ ಕಾಲದ ವಿದ್ವಾಂಸರ ಸ್ಥಿತಿ ಜಾತಕವಿಲ್ಲದ ಮನೆಯವರ ಸ್ಥಿತಿಯಂತಿತ್ತು. ಅಣ್ಣ ಯಾರು, ತಮ್ಮ ಯಾರು ಎಂಬುದು ಗೊತ್ತು. ಹುಟ್ಟಿದ ವರ್ಷ ಯಾರದೂ ಗೊತ್ತಿಲ್ಲ. ಹರಳುಗಳ ಗಡಿಯಾರ ಕೈಗೆ ಬಂದ ಮೇಲೆ ಜಾತಕಗಳನ್ನು ಬರೆಯುವುದು ಸಾಧ್ಯವಾಯಿತು. ಹಾಸನ ಜಿಲ್ಲೆಯ ಗೊರೂರಿನ ಸುತ್ತಲಿನ ಶಿಲೆಗೆ ಸುಮಾರು 330 ಕೋಟಿ ವರ್ಷ. ‘ಹಳ್ಳಿಯ ಚಿತ್ರಗಳು’ ಬರೆದ ಗೊರೂರು ರಾಮಸ್ವಾಮಿ ಅಯ್ಯಂಗಾರ್ಯರ ಊರು ಅದೇ. ಅವರ ಹಳ್ಳಿಯ ಜನ ಓಡಾಡಿದ ಹೊಳೆದಂಡೆಯ ಬಂಡೆಗಳಿಗೆ ಅಷ್ಟು ವಯಸ್ಸೆಂಬುದು ಆ ಪುಸ್ತಕ ಪ್ರಕಟವಾದ ಕಾಲದಲ್ಲಿ ಯಾರಿಗೂ ತಿಳಿದಿರಲಿಲ್ಲ.

ಚಾಮುಂಡಿಬೆಟ್ಟವು ಇವುಗಳ ಮುಂದೆ ಮೊಮ್ಮಗು. ಹಳೆಯ ನೈಸ್ ಶಿಲೆಯನ್ನು ಸೀಳಿಕೊಂಡು ಕೆಳಗಿನಿಂದ ಉಕ್ಕಿ, ನೆಲದೊಳಗೇ ತಣಿದ ಗ್ರಾನೈಟ್ ಅದು; ವಯಸ್ಸು ಸುಮಾರು 80 ಕೋಟಿ ವರ್ಷ. ಅದು ಗಟ್ಟಿಯಾದಾಗ ನೆಲದ ಮೇಲೆ ಒಂದು ಹುಲ್ಲೆಸಳಿರಲಿಲ್ಲ. ಸಮುದ್ರದಲ್ಲಿ ಒಂದು ಮೀನಿರಲಿಲ್ಲ. ಮೇಲಣ ಹೊದಿಕೆ ಮಳೆಗಾಳಿಗಳಿಗೆ ಸವೆದುಹೋದ ಮೇಲೆ ಬೆಟ್ಟ ಬೆಟ್ಟವಾಯಿತು. ದೊಡ್ಡದೇವರಾಜ ಒಡೆಯರು 17ನೆಯ ಶತಮಾನದಲ್ಲಿ ಅದಕ್ಕೆ ಮೆಟ್ಟಲುಗಳನ್ನು ಕಟ್ಟಿಸಿ, ಒಂದೇ ಬಂಡೆಯಲ್ಲಿ ನಂದಿಯನ್ನು ಕಡೆಯಿಸಿದರು. ನಾವು ಪುರಾತನವೆನ್ನುವ ನಂದಿಯ ವಯಸ್ಸು ಬೆಟ್ಟದ ವಯಸ್ಸಿನಲ್ಲಿ ಇಪ್ಪತ್ತು ಲಕ್ಷದಲ್ಲೊಂದು ಪಾಲಿಗಿಂತ ಹೆಚ್ಚಿಲ್ಲ.

ಈ ಹರಳು ಯಾವ ಮನುಷ್ಯನ ಕಾಲವನ್ನೂ ಬದಲಿಸಲಿಲ್ಲ. ಆದರೆ ಮನುಷ್ಯರೆಲ್ಲರ ಕಾಲದ ಭಾವನೆಯನ್ನು ಬದಲಿಸಿತು. ಯೂರೋಪಿನಲ್ಲಿ ಸೃಷ್ಟಿಯಾದುದು ಕ್ರಿಸ್ತಪೂರ್ವ 4004ರಲ್ಲಿ ಎಂದು ಪಾದ್ರಿಗಳು ಒಮ್ಮೆ ಲೆಕ್ಕ ಹೇಳಿದ್ದರು. ಕೆಲ್ವಿನ್ ಎಂಬ ಮಹಾವಿಜ್ಞಾನಿಯು ಭೂಮಿ ತಣಿದ ಬಗೆಯನ್ನು ಗಣಿತದಿಂದ ವಿಚಾರಿಸಿ, 1897ರಲ್ಲಿ 2 ಕೋಟಿಗೂ 4 ಕೋಟಿಗೂ ನಡುವಣ ವರ್ಷಗಳೆಂದನು. ಅದಕ್ಕೆ ಹಿಂದಿನ ವರ್ಷವೇ, 1896ರಲ್ಲಿ, ಬೆಕೆರೆಲ್ ಯುರೇನಿಯಮ್ಮಿನ ಕಿರಣಗಳನ್ನು ಕಂಡುಹಿಡಿದಿದ್ದನು. ಹತ್ತು ಹದಿನೈದು ವರ್ಷಗಳೊಳಗೆ ಶಿಲೆಗಳ ಸೀಸವನ್ನು ತೂಗಿ ನೂರಾರು ಕೋಟಿಗಳ ಮಾತಾಡುವುದು ಮೊದಲಾಯಿತು. ಗಣಿತ ತಪ್ಪಲಿಲ್ಲ, ಕಲ್ಲಿಗೆ ಗೊತ್ತಿದ್ದುದು ಗಣಿತಕ್ಕೆ ಗೊತ್ತಿರಲಿಲ್ಲ.

ಇಲ್ಲಿ ನಮ್ಮವರು ಒಂದು ಮಾತು ಹೇಳುವುದುಂಟು: ಬ್ರಹ್ಮನ ಒಂದು ಹಗಲು, ಎಂದರೆ ಒಂದು ಕಲ್ಪ, 432 ಕೋಟಿ ವರ್ಷ, ಭೂಮಿಯ ವಯಸ್ಸಿಗೆ ಎಷ್ಟು ಹತ್ತಿರ ನೋಡಿ ಎಂದು. ನಿತ್ಯವೂ ಸಂಕಲ್ಪದಲ್ಲಿ ಕಲ್ಪ ಮನ್ವಂತರಗಳನ್ನು ಹೇಳಿಕೊಳ್ಳುವ ಜನಕ್ಕೆ ದೊಡ್ಡ ಸಂಖ್ಯೆಗಳು ಭಯ ಹುಟ್ಟಿಸಲಿಲ್ಲವೆಂಬುದು ನಿಜವಾದ ಹೆಮ್ಮೆ. ಆದರೆ ಸಂಖ್ಯೆಗಳ ಈ ಹೋಲಿಕೆ ಆಕಸ್ಮಿಕ. ಕಲ್ಪದ ಸಂಖ್ಯೆ ಯುಗಗಳ ಗುಣಾಕಾರದಿಂದ ಬಂದುದು. ಹರಳಿನ ಸಂಖ್ಯೆ ತಕ್ಕಡಿಯಿಂದ ಬಂದುದು. ಮೊದಲನೆಯದನ್ನು ನಂಬಬಹುದು ಅಥವಾ ಬಿಡಬಹುದು. ಎರಡನೆಯದನ್ನು ಯಾರು ಬೇಕಾದರೂ ಮತ್ತೆ ತೂಗಿ ತಿದ್ದಬಹುದು. ಇವೆರಡನ್ನೂ ಬೆರಸಿದರೆ ಎರಡಕ್ಕೂ ಅನ್ಯಾಯ.

ಇಷ್ಟನ್ನೆಲ್ಲ ತಿಳಿದು ಬಂದ ಪ್ರಯೋಜನವೇನೆಂದು ಕೇಳುವವರಿದ್ದಾರೆ. ಕೋಟಿಗಳ ಮುಂದೆ ಎಂಬತ್ತು ವರ್ಷ ಯಾವ ಲೆಕ್ಕ ಎಂದು ನಿಟ್ಟುಸಿರುಬಿಡುವುದು ಒಂದು ದಾರಿ. ನನಗೆ ಅದು ಸರಿತೋರುವುದಿಲ್ಲ. ಯುರೇನಿಯಮ್ ಸವೆಯುವ ವೇಗವನ್ನು ಬೆಂಕಿಯಿಂದ ಹೆಚ್ಚಿಸಲಾಗದು, ಹಿಮದಿಂದ ತಗ್ಗಿಸಲಾಗದು. ಅದು ಒಂದೇ ದಿಕ್ಕಿಗೆ ನಡೆಯುತ್ತದೆ. ಸೀಸ ಹಿಂದಿರುಗಿ ಯುರೇನಿಯಮ್ ಆಗುವುದಿಲ್ಲ. ಕಾಲವನ್ನು ಇಷ್ಟು ಚೆನ್ನಾಗಿ ಬಲ್ಲ ಕಲ್ಲು ಸಹ ಅದನ್ನು ಒಂದು ಗಳಿಗೆ ಹಿಂದಕ್ಕೆ ತಳ್ಳಲಾರದೆಂದ ಮೇಲೆ, ಪೊಟ್ಟಣ ಮಾರುವವನ ಮಾತನ್ನು ಎಷ್ಟು ನಂಬಬೇಕೆಂಬುದು ತಾನಾಗಿಯೇ ತಿಳಿಯುತ್ತದೆ. ಇದು ಮೊದಲನೆಯ ಪ್ರಯೋಜನ. ಎರಡನೆಯದು ನಮ್ಮ ತಂದೆಯವರ ಪ್ರಶ್ನೆಗೆ ಸಂಬಂಧಿಸಿದುದು. ನಾವು ಬೇಡುವುದು ಕಾಲವನ್ನಲ್ಲ, ಕಾಲದೊಳಗಿದ್ದ ಜನರನ್ನು. ಬರಿಯ ಕಾಲ ಬೇಕಾದವನಿಗೆ ಬೆಟ್ಟದಲ್ಲಿ 80 ಕೋಟಿ ವರ್ಷ ಬಿದ್ದಿದೆ. ಅದರಲ್ಲಿ ಬಹುಪಾಲು ಯಾರೂ ಇಲ್ಲದ ವರ್ಷ, ಒಬ್ಬರು ಇನ್ನೊಬ್ಬರನ್ನು ಹೆಸರು ಹಿಡಿದು ಕರೆಯದ ವರ್ಷ. ಆ ವರ್ಷಗಳಲ್ಲಿ ಒಂದು ಕೋಟಿಯನ್ನು ಕೊಡುತ್ತೇನೆಂದರೂ ನಮ್ಮ ತಂದೆಯವರು ತಮ್ಮ ಸಂಸಾರದ 50 ವರ್ಷಗಳನ್ನು ಬದಲಿಗೆ ಕೊಡುತ್ತಿರಲಿಲ್ಲ. ರೇವತಿಯ ತಂದೆಗೆ ಗಾನ ಮುಗಿದ ಮೇಲೆ ತಿಳಿದುದು ಇವರಿಗೆ ಪುಡಿ ನುಂಗುವ ಮೊದಲೇ ತಿಳಿದಿತ್ತು.

ಕಲ್ಲಿನ ವಿಷಯದಲ್ಲಿಯೂ ನಮಗೆ ಒಂದು ಹೊಣೆಯುಂಟು. 2021ರಲ್ಲಿ ಭಾರಿ ಮಳೆಗೆ ನಂದಿಗೆ ಹೋಗುವ ರಸ್ತೆಯ ಒಂದು ಭಾಗ ಕುಸಿಯಿತು. ಜಾರಿದುದು ನಾವು ಹಾಕಿದ ರಸ್ತೆಯೂ ಮೇಲಣ ಮಣ್ಣೂ. ಬೆಟ್ಟಕ್ಕೆ ಕಾಲದ ಭಯವಿಲ್ಲ, ಭಯವಿರುವುದು ನಮ್ಮ ಅವಸರದಿಂದ. 80 ಕೋಟಿ ವರ್ಷಗಳಲ್ಲಿ ಆದುದನ್ನು ಒಂದು ತಿಂಗಳಲ್ಲಿ ಸಿಡಿಮದ್ದಿನಿಂದ ಒಡೆದು ಜಲ್ಲಿ ಮಾಡುವುದು ನಾಡಿನ ಎಷ್ಟೋ ಗುಡ್ಡಗಳಲ್ಲಿ ನಡೆದಿದೆ. ಮನೆ ಕಟ್ಟಲು ಕಲ್ಲು ಬೇಡವೆಂದು ನಾನು ಹೇಳುವುದಿಲ್ಲ. ಒಡೆಯುವ ಕೈಗೆ ಅದರ ವಯಸ್ಸು ತಿಳಿದಿರಲಿ ಎಂದಷ್ಟೇ ಹೇಳುತ್ತೇನೆ. ವಯಸ್ಸಾದವರನ್ನು ಎಬ್ಬಿಸುವಾಗ ಸ್ವಲ್ಪ ಯೋಚಿಸುವುದು ನಮ್ಮ ಮನೆಗಳ ರೂಢಿಯಲ್ಲವೆ?

ನಮ್ಮ ಹಿತ್ತಲಿನಲ್ಲಿ ಪಟ್ಟೆ ಪಟ್ಟೆಯ ಒಂದು ಒಗೆಯುವ ಕಲ್ಲಿದೆ. ಊರ ಸುತ್ತಿನ ನೈಸ್ ಶಿಲೆಯೇ ಅದು ಆಗಿದ್ದ ಪಕ್ಷದಲ್ಲಿ, ಅದರ ಹರಳುಗಳಲ್ಲಿ 300 ಕೋಟಿ ವರ್ಷಗಳ ಲೆಕ್ಕವಿದ್ದೀತು. ಅದರ ನಡುವೆ, ಮೂರು ಬೆರಳಗಲದಷ್ಟು ಜಾಗ, ಸವೆದು ನುಣುಪಾಗಿದೆ. ಅಷ್ಟು ಮಾತ್ರ ನಮ್ಮ ತಾಯಿಯವರ ಕಾಲ.